ನಾಯಕರ ಮನೆಯಾಕೆ: ಲೆಕ್ಕಕ್ಕೆ ಬಾರದ ದುಡಿಮೆ, ಲೆಕ್ಕ ಕೊಡದ ಅಧಿಕಾರ

2021ರ ಜುಲೈ ಕೊನೆಯಲ್ಲಿ ಬಸವರಾಜ ಬೊಮ್ಮಾಯಿ ಮುಖ್ಯಮಂತ್ರಿಯಾದಾಗ ಆರ್.ಟಿ. ನಗರದ ಅವರ ಮನೆ ದಿನಬೆಳಗಾದರೆ ಟಿ.ವಿ.ಯಲ್ಲಿ ಕಾಣಿಸತೊಡಗಿತು. ಅದಕ್ಕೆ ಮೊದಲು ಹೆಬ್ಬಾಳಕ್ಕೆ ಹತ್ತಿರದ ಡಾಲರ್ಸ್ ಕಾಲೊನಿಯಲ್ಲಿರುವ ಬಿ.ಎಸ್. ಯಡಿಯೂರಪ್ಪನವರ ‘ಧವಳಗಿರಿ’ಯ ಮುಂದೆ ಕ್ಯಾಮೆರಾಗಳು ನಿಲ್ಲುತ್ತಿದ್ದವು. ಉತ್ತರ ಬೆಂಗಳೂರಿನವರಿಗೆ ನಾಯಕರ ಮನೆ ಎಂದರೆ ಅರ್ಧ ಕಚೇರಿ. ಅದು ಮುಖ್ಯಮಂತ್ರಿಯ ಮನೆಯೇ ಆಗಬೇಕಿಲ್ಲ, ಶಾಸಕರ ಮನೆಯಾದರೂ ಮಾಜಿ ಕಾರ್ಪೊರೇಟರ್ ಮನೆಯಾದರೂ ಅಷ್ಟೇ. ವರ್ಗಾವಣೆಗೆ ಶಿಫಾರಸು ಪತ್ರ ಬೇಕಾದವರು, ಆಸ್ಪತ್ರೆ ಬಿಲ್ಲಿನಲ್ಲಿ ಒಂದಿಷ್ಟು ಕಡಿಮೆ ಮಾಡಿಸಬೇಕಾದವರು, ಗಣೇಶೋತ್ಸವಕ್ಕೆ ಚಂದಾ ಕೇಳುವವರು ಬೆಳಿಗ್ಗೆ ಏಳಕ್ಕೇ ಗೇಟಿನ ಬಳಿ ನಿಂತಿರುತ್ತಾರೆ. ಸಾಹೇಬರು ಊರಲ್ಲಿಲ್ಲ ಎಂದರೂ ಇವರು ಬಂದ ದಾರಿಗೆ ಸುಂಕವಿಲ್ಲವೆಂದು ಹೊರಟುಬಿಡುವುದಿಲ್ಲ. ‘ಅಕ್ಕಾವ್ರಿದ್ದಾರಾ?’ ಎಂದು ಕೇಳುತ್ತಾರೆ. ವರಮಹಾಲಕ್ಷ್ಮಿ, ಗೌರಿ ಹಬ್ಬ ಬಂತೆಂದರೆ ಬಡಾವಣೆಗಳಲ್ಲಿ ಶಾಮಿಯಾನ ಏಳುತ್ತದೆ. ಮೊರದಲ್ಲಿ ಅರಿಶಿನ, ಕುಂಕುಮ, ಬಳೆ, ರವಿಕೆ ಕಣ, ತೊಗರಿಬೇಳೆ, ಬೆಲ್ಲ ಜೋಡಿಸಿಟ್ಟು ಬಾಗಿನ ಕೊಡುತ್ತಾರೆ. ಆ ದಿನ ಮುಂದೆ ನಿಲ್ಲುವವರು ನಾಯಕರಲ್ಲ, ಅವರ ಪತ್ನಿ. ಬಾಗಿನ ತೆಗೆದುಕೊಳ್ಳುವ ಹೆಂಗಸು ಅದೇ ಅರ್ಧ ನಿಮಿಷದಲ್ಲಿ ತನ್ನ ಬೀದಿಗೆ ಹದಿನೈದು ದಿನದಿಂದ ಕಾವೇರಿ ನೀರು ಬಂದಿಲ್ಲ, ಅತ್ತೆಯ ಪಿಂಚಣಿ ನಿಂತಿದೆ ಎಂದು ಹೇಳಿ ಮುಂದೆ ಸರಿಯುತ್ತಾಳೆ.

ಹೀಗೆ ಅಹವಾಲು ಕೇಳುವುದು ರಾಜಕೀಯ ಕೆಲಸ. ಅದು ಹಬ್ಬದ ಹೆಸರಿನಲ್ಲಿ, ಮನೆಯ ಜಗಲಿಯಲ್ಲಿ ನಡೆಯಿತು ಎಂಬ ಕಾರಣಕ್ಕೆ ಬೇರೆಯದಾಗುವುದಿಲ್ಲ. ಆದರೆ ನಮ್ಮ ಕಾನೂನು ನಾಯಕರ ಪತ್ನಿಯನ್ನು ಆಸ್ತಿಪಟ್ಟಿಯ ಒಂದು ಕಾಲಂ ಆಗಿ ನೋಡುತ್ತದೆ. ಪಕ್ಷಗಳು ಅವರನ್ನು ಗಂಡನ ಹೆಸರಿನ ಮುಂದುವರಿಕೆಯಾಗಿ ನೋಡುತ್ತವೆ. ಅವರು ನಿಜವಾಗಿ ಮಾಡುವ ಕೆಲಸಕ್ಕೆ, ಅದರಿಂದ ಹುಟ್ಟುವ ಪ್ರಭಾವಕ್ಕೆ ಎಲ್ಲಿಯೂ ದಾಖಲೆಯಿಲ್ಲ. ಇದರಿಂದ ಆ ಮಹಿಳೆಗೂ ಅನ್ಯಾಯ, ಮತದಾರನಿಗೂ ಅನ್ಯಾಯ. ನಾಯಕರ ಪತ್ನಿಯ ಸಾರ್ವಜನಿಕ ಪಾತ್ರ ಅಳಿಸಿಹೋಗಬೇಕು ಎಂಬುದು ನನ್ನ ವಾದವಲ್ಲ. ಅದು ಬೆಳಕಿಗೆ ಬರಬೇಕು, ಬಂದ ಮೇಲೆ ಪ್ರಶ್ನೆಗೂ ಒಳಗಾಗಬೇಕು.

ರಾಷ್ಟ್ರಪತಿ ಭವನದಿಂದಲೇ ನೋಡಿಕೊಂಡು ಬರಬಹುದು. ನಮ್ಮ ಸಂವಿಧಾನ ರಾಷ್ಟ್ರಪತಿಯ ಅಧಿಕಾರವನ್ನು ವಿಧಿವಿಧಿಯಾಗಿ ಬರೆದಿದೆ. ಅವರ ಪತ್ನಿಯ ಬಗ್ಗೆ ಒಂದು ಪದವೂ ಇಲ್ಲ. 1977ರ ಫೆಬ್ರುವರಿ 11ರಂದು ಫಕ್ರುದ್ದೀನ್ ಅಲಿ ಅಹಮದ್ ತೀರಿಕೊಂಡಾಗ ಉಪರಾಷ್ಟ್ರಪತಿಯಾಗಿದ್ದ ನಮ್ಮ ಬಿ.ಡಿ. ಜತ್ತಿ ಜುಲೈವರೆಗೆ ಹಂಗಾಮಿ ರಾಷ್ಟ್ರಪತಿಯಾದರು. ಜಮಖಂಡಿ ಸೀಮೆಯಿಂದ ಹೊರಟ ಜತ್ತಿಯವರ ರಾಜಕೀಯದ ಬಗ್ಗೆ ಬರೆದವರಿದ್ದಾರೆ. ಅವರ ಪತ್ನಿ ಸಂಗಮ್ಮನವರ ಬಗ್ಗೆ ಕನ್ನಡ ಓದುಗರಿಗೆ ಹೆಸರಿನಾಚೆ ಏನೂ ತಿಳಿಯದು. ಇತ್ತ ಅಹಮದ್ ಅವರ ಪತ್ನಿ ಬೇಗಂ ಆಬಿದಾ 1981ರಲ್ಲಿ ಮತ್ತು 1984ರಲ್ಲಿ ಬರೇಲಿಯಿಂದ ಲೋಕಸಭೆಗೆ ಗೆದ್ದುಬಂದರು. ಒಬ್ಬರು ಪೂರ್ತಿ ಮರೆಯಲ್ಲಿ ಉಳಿದರು, ಇನ್ನೊಬ್ಬರು ಗಂಡ ಹೋದ ಮೇಲೆ ಸ್ವಂತ ಹೆಸರಿನಲ್ಲಿ ಮತ ಕೇಳಿದರು. ಇವೆರಡರ ನಡುವೆ, ಗಂಡ ಅಧಿಕಾರದಲ್ಲಿ ಇರುವಾಗಲೇ ಹೆಂಡತಿ ಮಾಡುವ ಕೆಲಸಕ್ಕೆ ನಮ್ಮಲ್ಲಿ ಜಾಗವೇ ಇಲ್ಲ.

ಅಮೆರಿಕ ಈ ವಿಷಯದಲ್ಲಿ ಪೆಟ್ಟು ತಿಂದೇ ಕಲಿತದ್ದು. 1919ರಲ್ಲಿ ಅಧ್ಯಕ್ಷ ವುಡ್ರೊ ವಿಲ್ಸನ್ ಪಾರ್ಶ್ವವಾಯು ಬಡಿದು ಮಲಗಿದಾಗ ಯಾವ ಕಡತ ಅವರ ಮುಂದೆ ಹೋಗಬೇಕು, ಯಾರು ಅವರನ್ನು ಕಾಣಬೇಕು ಎಂಬುದನ್ನು ಪತ್ನಿ ಈಡಿತ್ ತೀರ್ಮಾನಿಸುತ್ತಿದ್ದರು. ಜನರಿಗೆ ಇದು ಗೊತ್ತೇ ಇರಲಿಲ್ಲ. ಮುಂದೆ ಇನ್ನೊಬ್ಬ ಅಧ್ಯಕ್ಷರ ಪತ್ನಿಯಾಗಿ ಬಂದ ಎಲೀನರ್ ರೂಸ್‌ವೆಲ್ಟ್ ದಾರಿ ಇದಕ್ಕೆ ತೀರ ವಿರುದ್ಧ. ಅವರು ಪತ್ರಿಕಾಗೋಷ್ಠಿ ಕರೆದರು, ವರ್ಷಗಟ್ಟಲೆ ಪತ್ರಿಕೆಗಳಿಗೆ ಅಂಕಣ ಬರೆದರು, ತಮ್ಮ ನಿಲುವು ಇಂಥದ್ದು ಎಂದು ಹೆಸರು ಹಾಕಿ ಹೇಳಿದರು. 1978ರ ಕಾಯ್ದೆಯೊಂದು ಅಧ್ಯಕ್ಷರ ಕರ್ತವ್ಯಕ್ಕೆ ನೆರವಾಗುವ ಸಂಗಾತಿಗೆ ಸಿಬ್ಬಂದಿ ಮತ್ತು ವೆಚ್ಚವನ್ನು ಒಪ್ಪಿಕೊಂಡಿತು. 1993ರಲ್ಲಿ ಹಿಲರಿ ಕ್ಲಿಂಟನ್ ಆರೋಗ್ಯ ಸುಧಾರಣೆಯ ಕಾರ್ಯಪಡೆಯ ಅಧ್ಯಕ್ಷೆಯಾದಾಗ, ಹೊರಗಿನವರಿರುವ ಸಮಿತಿ ಬಾಗಿಲು ತೆರೆದು ಸಭೆ ನಡೆಸಬೇಕು ಎಂದು ಕೆಲವರು ಮೊಕದ್ದಮೆ ಹೂಡಿದರು. ಆ ನಿಯಮದ ಮಟ್ಟಿಗೆ ಅಧ್ಯಕ್ಷರ ಪತ್ನಿಯನ್ನು ಸರ್ಕಾರಿ ಅಧಿಕಾರಿಯೆಂದೇ ಎಣಿಸಬಹುದು ಎಂದು ಮೇಲ್ಮನವಿ ನ್ಯಾಯಾಲಯ ಹೇಳಿತು. ತೀರ್ಪು ಸರಿಯೋ ತಪ್ಪೋ ಎಂಬ ಚರ್ಚೆ ಅಲ್ಲಿ ಇನ್ನೂ ಇದೆ. ಆದರೆ ಪ್ರಶ್ನೆಯನ್ನು ನ್ಯಾಯಾಲಯದವರೆಗೆ ಒಯ್ಯಲು ಅಲ್ಲಿನ ನಾಗರಿಕನಿಗೆ ದಾರಿಯಿತ್ತು ಎಂಬುದೇ ನನಗೆ ದೊಡ್ಡದಾಗಿ ಕಾಣುತ್ತದೆ.

ನಮ್ಮ ಕಾನೂನಿನ ಗಮನವೆಲ್ಲ ಆಸ್ತಿಯ ಮೇಲೆ. ಅಭ್ಯರ್ಥಿ ತನ್ನ ಜೊತೆಗೆ ಸಂಗಾತಿಯ ಆಸ್ತಿಯನ್ನೂ ಪ್ರಮಾಣಪತ್ರದಲ್ಲಿ ಘೋಷಿಸಬೇಕು ಎಂಬುದು ಸುಪ್ರೀಂ ಕೋರ್ಟಿನ 2002ರ ತೀರ್ಪಿನಿಂದ ಬಂದ ಬದಲಾವಣೆ. 2018ರಲ್ಲಿ ಆದಾಯದ ಮೂಲವೂ ಸೇರಿತು. ಇದು ಬೇಕಾಗಿದ್ದ ಸುಧಾರಣೆ, ಅದರಲ್ಲಿ ಎರಡು ಮಾತಿಲ್ಲ. ಆದರೆ ಇದರ ಫಲವಾಗಿ ನಾಯಕರ ಪತ್ನಿ ಸುದ್ದಿಯಾಗುವುದು ಆಸ್ತಿಯ ಕಾರಣಕ್ಕೆ ಮಾತ್ರ. ಸಿದ್ದರಾಮಯ್ಯನವರ ಪತ್ನಿ ಪಾರ್ವತಿ ಅವರು ದಶಕಗಳ ಕಾಲ ವೇದಿಕೆ ಹತ್ತಿದವರಲ್ಲ, ಗಂಡನ ಪ್ರಮಾಣವಚನದಂಥ ಸಮಾರಂಭಗಳಿಂದಲೂ ದೂರವೇ ಉಳಿದವರು. ರಾಜ್ಯಕ್ಕೆ ಅವರ ಹೆಸರು ಬಾಯಿಪಾಠವಾದದ್ದು 2024ರಲ್ಲಿ, ಮೈಸೂರಿನ ಕೆಸರೆಯ 3 ಎಕರೆ 16 ಗುಂಟೆ ಜಮೀನಿಗೆ ಬದಲಾಗಿ ಮೈಸೂರು ನಗರಾಭಿವೃದ್ಧಿ ಪ್ರಾಧಿಕಾರದಿಂದ (ಮುಡಾ) ಸಿಕ್ಕ 14 ನಿವೇಶನಗಳ ವಿವಾದದಲ್ಲಿ. ಅವರು ನಿವೇಶನಗಳನ್ನು ಹಿಂದಿರುಗಿಸುವುದಾಗಿ ಪತ್ರ ಬರೆದರು. ಜಾರಿ ನಿರ್ದೇಶನಾಲಯ ಅವರಿಗೆ ಕೊಟ್ಟಿದ್ದ ಸಮನ್ಸನ್ನು ಹೈಕೋರ್ಟ್ ರದ್ದುಪಡಿಸಿತು. ಅದರ ವಿರುದ್ಧದ ಮೇಲ್ಮನವಿಯನ್ನು 2025ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ವಜಾ ಮಾಡಿತು. ಆಸ್ತಿಯ ಬಗ್ಗೆ ಪ್ರಶ್ನೆ ಕೇಳುವುದು ನಾಗರಿಕರ ಹಕ್ಕು. ಆದರೆ ಸಾರ್ವಜನಿಕ ಪಾತ್ರವನ್ನೇ ವಹಿಸದ ಮಹಿಳೆ ತಿಂಗಳುಗಟ್ಟಲೆ ರಾಜಕೀಯದ ಗುರಿಯಾಗುವುದು, ಅದೇ ವೇಳೆ ಅಧಿಕಾರಿಗಳಿಗೆ ಫೋನ್ ಮಾಡಿ ಕೆಲಸ ಮಾಡಿಸುವ ಇನ್ನೊಬ್ಬ ನಾಯಕರ ಪತ್ನಿಯನ್ನು ಯಾರೂ ಏನೂ ಕೇಳದಿರುವುದು ನಮ್ಮ ಅಳತೆಗೋಲು ತಪ್ಪಾಗಿದೆ ಎಂಬುದನ್ನೇ ತೋರಿಸುತ್ತದೆ.

ಪಕ್ಷಗಳ ನೋಟ ಇನ್ನೂ ಕಿರಿದು. 2018ರಲ್ಲಿ ಎಚ್.ಡಿ. ಕುಮಾರಸ್ವಾಮಿ ಎರಡು ಕಡೆ ಗೆದ್ದು ರಾಮನಗರವನ್ನು ಬಿಟ್ಟುಕೊಟ್ಟರು. ಉಪಚುನಾವಣೆಯಲ್ಲಿ ಪತ್ನಿ ಅನಿತಾ ಅವರು ಒಂದು ಲಕ್ಷಕ್ಕೂ ಹೆಚ್ಚು ಮತಗಳ ಅಂತರದಿಂದ ಗೆದ್ದರು. ಮತದಾನಕ್ಕೆ ಇನ್ನೇನು ದಿನವಿಲ್ಲ ಎನ್ನುವಾಗ ಬಿಜೆಪಿ ಅಭ್ಯರ್ಥಿ ಕಣದಿಂದ ಹಿಂದೆ ಸರಿದಿದ್ದರು. ಅನಿತಾ ರಾಜಕೀಯಕ್ಕೆ ಹೊಸಬರಲ್ಲ, 2008ರಲ್ಲೇ ಮಧುಗಿರಿ ಉಪಚುನಾವಣೆ ಗೆದ್ದಿದ್ದವರು. ಆದರೂ 2023ಕ್ಕೆ ರಾಮನಗರದ ಕ್ಷೇತ್ರ ಮಗ ನಿಖಿಲ್‌ಗೆ ಹೋಯಿತು. ಅಪ್ಪನ ಕ್ಷೇತ್ರ ಅಮ್ಮನ ಮೂಲಕ ಮಗನಿಗೆ ಬಂತು; ಮತದಾರರು ಮಗನನ್ನು ಸೋಲಿಸಿದರು ಎಂಬುದು ಬೇರೆ ಮಾತು. 2024ರ ಲೋಕಸಭಾ ಚುನಾವಣೆಯಲ್ಲಿ ದಾವಣಗೆರೆಯ ಸ್ಪರ್ಧೆ ಇನ್ನೂ ಸ್ಪಷ್ಟ ಉದಾಹರಣೆ. ಬಿಜೆಪಿ ತನ್ನ ಸಂಸದ ಜಿ.ಎಂ. ಸಿದ್ದೇಶ್ವರ ಅವರ ಪತ್ನಿ ಗಾಯತ್ರಿ ಅವರನ್ನು ನಿಲ್ಲಿಸಿತು. ಕಾಂಗ್ರೆಸ್ ಸಚಿವ ಎಸ್.ಎಸ್. ಮಲ್ಲಿಕಾರ್ಜುನ್ ಅವರ ಪತ್ನಿ, ದಂತವೈದ್ಯೆ ಪ್ರಭಾ ಅವರನ್ನು. ಪ್ರಭಾ ಸುಮಾರು 26 ಸಾವಿರ ಮತಗಳಿಂದ ಗೆದ್ದರು. ಪ್ರಚಾರದ ನಡುವೆ ಕಾಂಗ್ರೆಸ್ಸಿನ ಹಿರಿಯರೂ ಪ್ರಭಾ ಅವರ ಮಾವನವರೂ ಆದ ಶಾಮನೂರು ಶಿವಶಂಕರಪ್ಪನವರು ಎದುರಾಳಿಯ ಬಗ್ಗೆ, ಆಕೆಗೆ ಅಡುಗೆ ಮಾಡಲಷ್ಟೇ ಗೊತ್ತು ಎಂಬರ್ಥದ ಮಾತಾಡಿ ಟೀಕೆಗೆ ಗುರಿಯಾದರು. ಎರಡೂ ಕಡೆ ಅಭ್ಯರ್ಥಿ ಮಹಿಳೆಯೇ ಆಗಿದ್ದ ಚುನಾವಣೆಯಲ್ಲೂ ಅವರ ಅರ್ಹತೆಯ ಚರ್ಚೆ ಅಡುಗೆಮನೆಗೆ ಇಳಿಯಿತು. ಅವರಿಬ್ಬರೂ ಕ್ಷೇತ್ರದಲ್ಲಿ ಅದಕ್ಕೆ ಮೊದಲು ಏನು ಮಾಡಿದ್ದರು ಎಂಬ ಪ್ರಶ್ನೆ ಹಿಂದೆ ಬಿತ್ತು.

ಕೆಲಸವನ್ನು ನೋಡಿಯೇ ತೂಗಿದ್ದರೆ ತೇಜಸ್ವಿನಿ ಅನಂತಕುಮಾರ್ ಅವರ ಕಥೆ ಬೇರೆಯಾಗಿರುತ್ತಿತ್ತೇನೋ. 1997ರಲ್ಲಿ ಶುರುವಾದ ಅದಮ್ಯ ಚೇತನ ಸಂಸ್ಥೆಯ ಮೂಲಕ ಸರ್ಕಾರಿ ಶಾಲಾ ಮಕ್ಕಳ ಊಟ, ಆಮೇಲೆ ಗಿಡ ನೆಡುವ ಕೆಲಸ, ಕಸ ಹುಟ್ಟದ ಅಡುಗೆಮನೆಯ ಪ್ರಯೋಗ ಎಂದು ಅವರು ತಮ್ಮದೇ ದಾರಿ ಕಟ್ಟಿಕೊಂಡಿದ್ದರು. 2018ರ ನವೆಂಬರ್‌ನಲ್ಲಿ ಪತಿ, ಕೇಂದ್ರ ಸಚಿವ ಅನಂತಕುಮಾರ್ ತೀರಿಕೊಂಡ ಮೇಲೆ ಬೆಂಗಳೂರು ದಕ್ಷಿಣ ಲೋಕಸಭಾ ಕ್ಷೇತ್ರಕ್ಕೆ ತೇಜಸ್ವಿನಿ ಅವರ ಹೆಸರು ಬಲವಾಗಿ ಕೇಳಿಬಂತು. ಟಿಕೆಟ್ ತೇಜಸ್ವಿ ಸೂರ್ಯ ಅವರಿಗೆ ಹೋಯಿತು. ಕುಟುಂಬ ರಾಜಕಾರಣಕ್ಕೆ ಕಡಿವಾಣ ಎಂದು ಅದನ್ನು ಮೆಚ್ಚಿದವರಿದ್ದಾರೆ. ಆ ಮೆಚ್ಚುಗೆಯಲ್ಲಿ ಒಂದು ದೋಷವಿದೆ. ಎರಡು ದಶಕ ಕೆಲಸ ಮಾಡಿದಾಕೆಯನ್ನೂ ನಿನ್ನೆ ಮೊನ್ನೆ ಮನೆಯಿಂದ ಹೊರಬಂದಾಕೆಯನ್ನೂ ‘ಹೆಂಡತಿ’ ಎಂಬ ಒಂದೇ ತಕ್ಕಡಿಯಲ್ಲಿ ಇಟ್ಟರೆ, ಕುಟುಂಬದ ಹೆಸರಿನಿಂದ ಬಂದವರನ್ನು ತಡೆದಂತೆಯೂ ಆಗುವುದಿಲ್ಲ, ದುಡಿದವರನ್ನು ಗುರುತಿಸಿದಂತೆಯೂ ಆಗುವುದಿಲ್ಲ.

ಇದೇ ನಾಣ್ಯದ ಇನ್ನೊಂದು ಮುಖವನ್ನು ನಮ್ಮ ಸರ್ಕಾರಗಳು ಗುರುತಿಸಿವೆ ಎಂಬುದು ಗಮನಿಸಬೇಕಾದ ಸಂಗತಿ. ಕರ್ನಾಟಕದ ಮಂಡಲ ಪಂಚಾಯಿತಿಗಳಲ್ಲಿ 1987ರಲ್ಲೇ ಮಹಿಳೆಯರಿಗೆ ಕಾಲುಭಾಗ ಮೀಸಲಾಗಿತ್ತು, 2010ರಿಂದ ಅದು ಅರ್ಧ. ಅಧ್ಯಕ್ಷೆಯ ಬದಲು ಗಂಡನೇ ಸಭೆಯಲ್ಲಿ ಕೂತು ಸಹಿ ಹಾಕಿಸುವ ಪದ್ಧತಿ ಬೆಳೆದಾಗ ಅದನ್ನು ನಿಷೇಧಿಸಿ ಸುತ್ತೋಲೆ ಬಂತು. ಕೇಂದ್ರದ ಪಂಚಾಯತ್ ರಾಜ್ ಸಚಿವಾಲಯ 2023ರಲ್ಲಿ ಸಮಿತಿ ನೇಮಿಸಿತು. ಅಂಥ ಗಂಡಂದಿರಿಗೆ ಕಠಿಣ ದಂಡ ಬೇಕೆಂದು ಸಮಿತಿ ಶಿಫಾರಸು ಮಾಡಿತು. ಹೆಂಡತಿಯ ಕುರ್ಚಿಯಲ್ಲಿ ಗಂಡ ಕೂರಬಾರದು ಎಂಬ ನಿಯಮದ ಹಿಂದಿರುವ ತತ್ವ, ಆಯ್ಕೆಯಾಗದವರು ಅಧಿಕಾರ ಚಲಾಯಿಸಬಾರದು ಎಂಬುದು. ಗಂಡ ಆಯ್ಕೆಯಾಗಿ ಹೆಂಡತಿ ಅಧಿಕಾರಿಗಳ ಸಭೆ ನಡೆಸಿದರೂ ತತ್ವ ಅದೇ ಅಲ್ಲವೇ?

ಇದಕ್ಕೆ ಬರುವ ಆಕ್ಷೇಪಗಳಲ್ಲಿ ಗಂಭೀರವಾದದ್ದು ಖಾಸಗಿತನದ್ದು. ನಾಯಕನನ್ನು ಮದುವೆಯಾದ ಮಾತ್ರಕ್ಕೆ ಒಬ್ಬ ಹೆಣ್ಣುಮಗಳ ಬದುಕನ್ನು ಬೀದಿಗೆ ತರುವುದು ತಪ್ಪು ಎನ್ನುತ್ತಾರೆ. ಇದನ್ನು ನಾನು ಪೂರ್ತಿಯಾಗಿ ಒಪ್ಪುತ್ತೇನೆ. ಗೆರೆಯನ್ನು ಸಂಬಂಧದ ಮೇಲೆ ಎಳೆಯದೆ ಕೆಲಸದ ಮೇಲೆ ಎಳೆಯಬೇಕೆನ್ನುವುದು ಅದಕ್ಕೇ. ಮನೆಯಲ್ಲಿ ಗಂಡಹೆಂಡಿರು ಊಟದ ಹೊತ್ತಿನಲ್ಲಿ ಏನು ಮಾತಾಡಿದರು ಎಂಬುದು ಯಾರಿಗೂ ಬೇಡ. ಸರ್ಕಾರಿ ಕಾರು, ಸರ್ಕಾರಿ ಸಿಬ್ಬಂದಿ, ಅಧಿಕಾರಿಗಳ ಸಭೆ, ಸರ್ಕಾರಿ ಹಣದ ಕಾರ್ಯಕ್ರಮ ಇವುಗಳಲ್ಲಿ ಪತ್ನಿ ಭಾಗವಹಿಸಿದರೆ ಆಗ ಮಾತ್ರ ಅದು ಜನರ ವಿಷಯ. ಇನ್ನೊಂದು ಆಕ್ಷೇಪ, ಮಹಿಳೆಯರಿಗೆ ರಾಜಕೀಯದ ಬಾಗಿಲು ಹೀಗಾದರೂ ತೆರೆಯಲಿ, ಯಾಕೆ ಅಡ್ಡಿ ಎಂಬುದು. ಗಂಡನ ಹೆಸರಿನಿಂದ ಒಳಗೆ ಬಂದು ಸ್ವಂತ ಹೆಸರು ಗಳಿಸಿದವರಿದ್ದಾರೆ. ಅಂಬರೀಶ್ ನಿಧನದ ಮರುವರ್ಷ, 2019ರಲ್ಲಿ, ಅವರ ಪತ್ನಿ ಸುಮಲತಾ ಪಕ್ಷೇತರರಾಗಿ ಮಂಡ್ಯ ಗೆದ್ದದ್ದು ಸಣ್ಣ ಸಾಧನೆಯಲ್ಲ. ಆದರೆ ಆ ಬಾಗಿಲಿನಿಂದ ಬರುವವರ ಸಾಲು ಉದ್ದವಾದಷ್ಟೂ, ಗಂಡನ ಹೆಸರಿಲ್ಲದೆ ಇಪ್ಪತ್ತು ವರ್ಷ ಪಕ್ಷದ ಬ್ಯಾನರ್ ಕಟ್ಟಿದ ಕಾರ್ಯಕರ್ತೆ ಹಿಂದಕ್ಕೆ ಸರಿಯುತ್ತಾಳೆ. ಅವಳೂ ಮಹಿಳೆಯೇ.

ಬೆಂಗಳೂರಿನಲ್ಲಿ ಈ ಪ್ರಶ್ನೆ ಇನ್ನೂ ಹತ್ತಿರದ್ದು. 2015ರ ಪಾಲಿಕೆ ಚುನಾವಣೆಯಲ್ಲಿ 198 ವಾರ್ಡುಗಳ ಅರ್ಧ ಮಹಿಳೆಯರಿಗೆ ಮೀಸಲಾದಾಗ, ವಾರ್ಡು ಕೈತಪ್ಪಿದ ಗಂಡಸರು ಪತ್ನಿಯರನ್ನು ಕಣಕ್ಕಿಳಿಸಿದ್ದು ನಗರದುದ್ದಕ್ಕೂ ಕಂಡ ಸಂಗತಿ. 2020ರ ಸೆಪ್ಟೆಂಬರ್‌ನಲ್ಲಿ ಆ ಸದಸ್ಯರ ಅವಧಿ ಮುಗಿದ ಮೇಲೆ ವರ್ಷಗಟ್ಟಲೆ ಚುನಾವಣೆ ಇಲ್ಲದೆ ಹೋಯಿತು. ಚುನಾಯಿತ ಕಾರ್ಪೊರೇಟರ್ ಇಲ್ಲದ ವಾರ್ಡಿನಲ್ಲಿ ಮಾಜಿ ಸದಸ್ಯರ ಮತ್ತು ಶಾಸಕರ ಮನೆಗಳೇ ಅಹವಾಲಿನ ಕಚೇರಿಗಳಾದವು. ಮನೆಯಾಕೆಯ ಪ್ರಭಾವವೂ ಅಷ್ಟೇ ಹೆಚ್ಚಿತು. 2025ರ ಸೆಪ್ಟೆಂಬರ್‌ನಲ್ಲಿ ಬಿಬಿಎಂಪಿ ಹೋಗಿ ಐದು ಪಾಲಿಕೆಗಳಾದಾಗ ಯಲಹಂಕ, ಬ್ಯಾಟರಾಯನಪುರದ ಕಡೆಯವರು ಬೆಂಗಳೂರು ಉತ್ತರ ನಗರ ಪಾಲಿಕೆಗೆ ಸೇರಿದರು. ವಾರ್ಡಿನ ಗಡಿ ಬದಲಾದರೂ ಮೀಸಲಾತಿ ಪಟ್ಟಿ ನೋಡಿಕೊಂಡು ಹೆಂಡತಿಯ ಹೆಸರು ಮುಂದೆ ಮಾಡುವ ಲೆಕ್ಕಾಚಾರ ಬದಲಾಗಿಲ್ಲ.

ಇದನ್ನು ಸರಿಪಡಿಸಲು ಹೊಸ ಕಾಯ್ದೆಗೆ ಕಾಯಬೇಕಿಲ್ಲ. ನಾಯಕರ ಪತ್ನಿ ಭಾಗವಹಿಸಿದ ಅಧಿಕಾರಿಗಳ ಸಭೆಯ ಹಾಜರಿ, ಅವರ ಕಾರ್ಯಕ್ರಮಕ್ಕೆ ಬಳಕೆಯಾದ ಸರ್ಕಾರಿ ವಾಹನ ಮತ್ತು ಹಣದ ವಿವರ ಕೇಳಲು 2005ರ ಮಾಹಿತಿ ಹಕ್ಕು ಕಾಯ್ದೆಯೇ ಸಾಕು. ಹೆಬ್ಬಾಳ, ಯಲಹಂಕದ ನಿವಾಸಿ ಸಂಘಗಳು ರಸ್ತೆ ಗುಂಡಿಗೆ, ರಾಜಕಾಲುವೆಗೆ ಈ ಕಾಯ್ದೆಯನ್ನು ಬಳಸಿ ಪಳಗಿವೆ. ಪಕ್ಷಗಳ ಮಟ್ಟಿಗೆ ಬೇಕಾದದ್ದು ಇನ್ನೂ ಸರಳ: ಮೀಸಲು ವಾರ್ಡಿಗೆ ಟಿಕೆಟ್ ಕೊಡುವಾಗ ಆ ಮಹಿಳೆ ಯಾವ ವರ್ಷದಿಂದ ವಾರ್ಡಿನಲ್ಲಿ ಏನು ಕೆಲಸ ಮಾಡಿದ್ದಾರೆ ಎಂಬುದನ್ನು ಒಂದು ಪುಟದಲ್ಲಿ ಬರೆದು ಪ್ರಕಟಿಸಲಿ. ಗೇಟಿನಲ್ಲಿ ಹತ್ತು ವರ್ಷ ಜನರ ಅಹವಾಲು ಕೇಳಿದಾಕೆಗೆ ಆ ಪುಟ ತುಂಬುವುದು ಕಷ್ಟವಾಗದು. ಅದೇ ವಾರ್ಡಿನ ಹಳೆಯ ಕಾರ್ಯಕರ್ತೆಯೂ ತನ್ನ ಪುಟವನ್ನು ಪಕ್ಕದಲ್ಲಿ ಇಡಲಿ, ಮತದಾರರು ಎರಡನ್ನೂ ಓದಲಿ.