ತಮ್ಮವರಿಗೇ ಬೇಡ ಎಂದವರು

ಪರಿಗಿ, ಚೇವೆಳ್ಳ ದಾಟಿ ಹೈದರಾಬಾದಿಗೆ ಬರುವ ರಸ್ತೆ ಲಂಗರ್ ಹೌಸ್ ಮೂಲಕ ಮೆಹದಿಪಟ್ಟಣಂ ಸೇರುತ್ತದೆ. ಸೇಡಂ, ತಾಂಡೂರು ಸೀಮೆಯ ಜನರಿಗೆ ಇದು ಹಳೆಯ ದಾರಿ. ಸರೋಜಿನಿ ದೇವಿ ಕಣ್ಣಿನ ಆಸ್ಪತ್ರೆಗೆ ಬರುವವರು ಇಳಿಯುವುದೂ ಇಲ್ಲೇ. ಈ ಬಡಾವಣೆಗೆ ಹೆಸರು ಬಂದದ್ದು ನಿಜಾಮರ ಕಾಲದ ಅಧಿಕಾರಿ ನವಾಬ್ ಮೆಹದಿ ನವಾಜ್ ಜಂಗ್ ಅವರಿಂದ. ನಗರದ ಎಂ.ಎನ್.ಜೆ. ಕ್ಯಾನ್ಸರ್ ಆಸ್ಪತ್ರೆಗೂ ಅವರದೇ ಹೆಸರು. ನಿಜಾಮರ ಆಡಳಿತದಲ್ಲಿ ಬೆಳೆದ ಈ ಮನುಷ್ಯ 1960ರಲ್ಲಿ ಗಾಂಧೀಜಿ ಹುಟ್ಟಿದ ಗುಜರಾತಿನ ಮೊದಲ ರಾಜ್ಯಪಾಲರಾದರು.

ಮೆಹದಿಪಟ್ಟಣಂ ಬಿಟ್ಟು ಲಂಗರ್ ಹೌಸ್ ಕಡೆ ಸ್ವಲ್ಪ ಹೋದರೆ ಮೂಸಿ ಮತ್ತು ಈಸಿ ನದಿಗಳು ಕೂಡುವ ಜಾಗ ಸಿಗುತ್ತದೆ. ಅದೇ ಬಾಪು ಘಾಟ್. 1948ರ ಫೆಬ್ರುವರಿಯಲ್ಲಿ ಗಾಂಧೀಜಿಯ ಚಿತಾಭಸ್ಮದ ಒಂದು ಪಾಲನ್ನು ಇಲ್ಲಿ ಬಿಟ್ಟರು. ಆಗ ಹೈದರಾಬಾದ್ ಸಂಸ್ಥಾನ ಭಾರತಕ್ಕೆ ಸೇರಿರಲಿಲ್ಲ. ಯಥಾಸ್ಥಿತಿ ಒಪ್ಪಂದವೊಂದರ ಮೇಲೆ ದಿನ ದೂಡುತ್ತಿತ್ತು. ಕಾಸಿಂ ರಜ್ವಿಯ ಸಶಸ್ತ್ರ ಪಡೆಯಾದ ರಜಾಕಾರರು ಹಳ್ಳಿ ಹಳ್ಳಿಗೆ ನುಗ್ಗುತ್ತಿದ್ದರು. ಆ ವರ್ಷದ ಕಥೆ ಹೇಳುವಾಗ ನಾವು ರಜಾಕಾರರನ್ನು ನೆನೆಯುತ್ತೇವೆ, ಸೇನೆ ಬಂದದ್ದನ್ನು ನೆನೆಯುತ್ತೇವೆ. ಇದೇ ನಗರದಲ್ಲಿ ಮುಸ್ಲಿಮರಾಗಿದ್ದುಕೊಂಡೇ, ಮುಸ್ಲಿಮರ ಹೆಸರಿನಲ್ಲಿ ನಡೆಯುತ್ತಿದ್ದ ಹಿಂಸೆಯನ್ನು ಎದುರಿಸಿದವರಿಗೆ ಮಾತ್ರ ಆ ನೆನಪಿನಲ್ಲಿ ಜಾಗ ಕಡಿಮೆ. ಅವರ ಕೈಯಲ್ಲಿ ಕೋವಿ ಇರಲಿಲ್ಲ, ಒಂದು ಪತ್ರಿಕೆ ಇತ್ತು.

ಆ ಧೈರ್ಯದ ಬೇರು ಇಸ್ಲಾಮಿನ ಒಳಗೇ ಇದೆ ಎಂದು ವಾದಿಸಿದವರು ಆ ಹೊತ್ತಿಗಾಗಲೇ ಇದ್ದರು. ವಾಯವ್ಯ ಗಡಿನಾಡಿನ ಖಾನ್ ಅಬ್ದುಲ್ ಗಫಾರ್ ಖಾನ್ 1929ರಲ್ಲಿ ಖುದಾಯಿ ಖಿದ್ಮತ್‌ಗಾರ್ ದಳ ಕಟ್ಟಿದರು. ಸೇಡು ತೀರಿಸಿಕೊಳ್ಳುವುದೇ ಮರ್ಯಾದೆ ಎಂದು ನಂಬಿದ್ದ ಪಠಾಣರಿಂದ, ಕೈ ಎತ್ತುವುದಿಲ್ಲ ಎಂದು ದೇವರ ಹೆಸರಿನಲ್ಲಿ ಆಣೆ ಮಾಡಿಸಿದರು. 1930ರ ಏಪ್ರಿಲ್ 23ರಂದು ಪೇಶಾವರದ ಕಿಸ್ಸಾ ಖವಾನಿ ಬಜಾರಿನಲ್ಲಿ ಬ್ರಿಟಿಷರ ಗುಂಡಿಗೆ ನಿರಾಯುಧ ಜನ ಎದೆಯೊಡ್ಡಿದರು. ಅಹಿಂಸೆಯನ್ನು ಗಾಂಧೀಜಿಯಿಂದ ಎರವಲು ತಂದಿರಾ ಎಂದು ಕೇಳಿದವರಿಗೆ ಗಫಾರ್ ಖಾನ್ ಪ್ರವಾದಿ ಮುಹಮ್ಮದರ ಮೆಕ್ಕಾದ ದಿನಗಳನ್ನು ತೋರಿಸುತ್ತಿದ್ದರು. ಹದಿಮೂರು ವರ್ಷ ಕಿರುಕುಳ ಉಂಡರೂ ಪ್ರವಾದಿ ತಿರುಗಿ ಹೊಡೆಯದ ದಿನಗಳವು. ಮುಂದೆ ಸಿರಿಯಾದ ಜೌದತ್ ಸಯೀದ್ 1966ರಲ್ಲಿ ಒಂದು ಪುಸ್ತಕವನ್ನೇ ಬರೆದು, ಕುರ್‌ಆನಿನ ಐದನೆಯ ಅಧ್ಯಾಯದಲ್ಲಿ ಬರುವ ಆದಮನ ಮಗನನ್ನು ಮಾದರಿಯಾಗಿ ಮುಂದಿಟ್ಟರು. ನೀನು ನನ್ನನ್ನು ಕೊಲ್ಲಲು ಕೈ ಚಾಚಿದರೂ ನಾನು ಚಾಚಲಾರೆ ಎಂದು ಅಣ್ಣನಿಗೆ ಹೇಳಿದವನು ಅವನು.

ನನಗೆ ಇವೆಲ್ಲಕ್ಕಿಂತ ಹತ್ತಿರವೆನಿಸುವುದು ಹುದೈಬಿಯಾದ ಸಂಧಿ. ಕ್ರಿ.ಶ. 628ರಲ್ಲಿ ಸುಮಾರು 1,400 ಜನರೊಂದಿಗೆ ಪ್ರವಾದಿ ಮೆಕ್ಕಾ ಯಾತ್ರೆಗೆ ಹೊರಟಿದ್ದರು. ಮೆಕ್ಕಾದವರು ತಡೆದರು, ಮಾತುಕತೆಗೆ ಸುಹೈಲ್ ಎಂಬವನನ್ನು ಕಳಿಸಿದರು. ಒಪ್ಪಂದದ ಕಾಗದದಲ್ಲಿ ದೇವರ ದೂತ ಮುಹಮ್ಮದ್ ಎಂದು ಬರೆದದ್ದಕ್ಕೆ ಸುಹೈಲ್ ತಕರಾರು ಎತ್ತಿದ. ಅದನ್ನು ಒಪ್ಪುವವರಾಗಿದ್ದರೆ ನಿಮ್ಮನ್ನು ತಡೆಯುತ್ತಲೇ ಇರಲಿಲ್ಲ, ಅಬ್ದುಲ್ಲಾರ ಮಗ ಎಂದಷ್ಟೇ ಬರೆಯಿರಿ ಎಂದ. ಬರೆಯುತ್ತಿದ್ದ ಅಲಿ ಅವರಿಗೆ ಅಳಿಸಲು ಕೈ ಬರಲಿಲ್ಲ. ಪ್ರವಾದಿಯವರೇ ಅಳಿಸಿದರು. ಆ ವರ್ಷ ಯಾತ್ರೆ ಮಾಡದೆ ವಾಪಸಾಗುವುದಕ್ಕೂ ಒಪ್ಪಿದರು. ಪ್ರವಾದಿಯವರ ಸಂಗಡಿಗ ಉಮರ್ ಅಂಥವರೇ ಇದೇನು ಅವಮಾನ ಎಂದು ಕುದ್ದರು. ಎದುರಾಳಿಯನ್ನು ಒಪ್ಪಿಸುವುದಕ್ಕಿಂತ ತಮ್ಮವರ ಸಿಟ್ಟನ್ನು ತಾಳಿಕೊಳ್ಳುವುದು ಆ ದಿನ ಹೆಚ್ಚು ಕಷ್ಟವಾಗಿರಬೇಕು.

ಹೈದರಾಬಾದಿನ ಶೋಯಬುಲ್ಲಾ ಖಾನ್ ಎದುರಿಸಿದ್ದೂ ತಮ್ಮವರ ಸಿಟ್ಟನ್ನೇ. 1920ರಲ್ಲಿ ಹುಟ್ಟಿದ, ಉಸ್ಮಾನಿಯಾ ವಿಶ್ವವಿದ್ಯಾಲಯದಲ್ಲಿ ಓದಿದ ಯುವಕ. ಸರ್ಕಾರಿ ನೌಕರಿ ಹಿಡಿದು ನೆಮ್ಮದಿಯಾಗಿ ಇರಬಹುದಿತ್ತು. ಮೊದಲು ಇನ್ನೊಂದು ಪತ್ರಿಕೆಯಲ್ಲಿ, ಆಮೇಲೆ ಮಂದುಮುಲ ನರಸಿಂಗ ರಾವ್ ಅವರ ‘ರಯ್ಯತ್’ ಉರ್ದು ಪತ್ರಿಕೆಯಲ್ಲಿ ಬರೆದರು. ‘ರಯ್ಯತ್’ಗೆ ನಿಜಾಮ್ ಸರ್ಕಾರ ಬೀಗ ಹಾಕಿಸಿದಾಗ, ಬೂರ್ಗುಲ ರಾಮಕೃಷ್ಣ ರಾವ್ ಅವರ ಬೆಂಬಲದಿಂದ 1947ರ ನವೆಂಬರಿನಲ್ಲಿ ‘ಇಮ್ರೋಜ್’ ಎಂಬ ತಮ್ಮದೇ ದಿನಪತ್ರಿಕೆ ತೆರೆದರು. ರಜಾಕಾರರ ಲೂಟಿಯನ್ನು ಬರೆದರು, ಸಂಸ್ಥಾನ ಭಾರತದೊಂದಿಗೆ ಸೇರಬೇಕು ಎಂದೂ ಬರೆದರು. ಅದೂ ಉರ್ದುವಿನಲ್ಲಿ. ರಜಾಕಾರರೂ ಅವರ ಮನೆಮಂದಿಯೂ ಓದುವ ಭಾಷೆ ಅದು.

1948ರ ಆಗಸ್ಟ್‌ನಲ್ಲಿ ಏಳು ಮಂದಿ ಮುಸ್ಲಿಂ ಗಣ್ಯರು ಒಂದು ಹೇಳಿಕೆ ಹೊರಡಿಸಿದರು. ರಜಾಕಾರರ ದಳವನ್ನು ವಿಸರ್ಜಿಸಬೇಕು, ಭಾರತದೊಂದಿಗೆ ಸೇರಬೇಕು ಎನ್ನುವುದು ಅದರ ಸಾರ. ಸಹಿ ಹಾಕಿದವರಲ್ಲಿ ಬಾಕರ್ ಅಲಿ ಮಿರ್ಜಾ ಇದ್ದರು. ರಜಾಕಾರರ ಹಾವಳಿ ಕಂಡು ನಾಂದೇಡ್ ಸೀಮೆಯ ತಹಶೀಲ್ದಾರಿಕೆಗೆ ರಾಜೀನಾಮೆ ಕೊಟ್ಟು ಬಂದಿದ್ದ ಫರೀದ್ ಮಿರ್ಜಾ ಇದ್ದರು. ಆ ಹೇಳಿಕೆಯನ್ನು ‘ಇಮ್ರೋಜ್’ ಅಚ್ಚು ಹಾಕಿತು. ಆಗಸ್ಟ್ 21ರ ನಡುರಾತ್ರಿ ಕಚೇರಿಯಿಂದ ಭಾವಮೈದುನನ ಜೊತೆ ಮನೆಗೆ ಹೋಗುತ್ತಿದ್ದ ಶೋಯಬುಲ್ಲಾ ಖಾನರನ್ನು ಕಾಚಿಗುಡ ಬಳಿ ಗುಂಡಿಟ್ಟು ಕೆಡವಿದರು. ಬರೆಯುವ ಕೈಯನ್ನು ಕತ್ತರಿಸಿದರು. ಅವರಿಗೆ ಇನ್ನೂ 28 ತುಂಬಿರಲಿಲ್ಲ.

ಮೂರು ವಾರಕ್ಕೆ ಭಾರತದ ಸೇನೆ ಬಂತು. ಸೆಪ್ಟೆಂಬರ್ 13ಕ್ಕೆ ಶುರುವಾದ ಕಾರ್ಯಾಚರಣೆ ಐದೇ ದಿನದಲ್ಲಿ ಮುಗಿಯಿತು. ರಜಾಕಾರರ ಕಾಟದಿಂದ ಜನ ಪಾರಾದರು. ಬೀದರ ಸೀಮೆಯ ಗೋರ್ಟಾದಂಥ ಊರುಗಳು ಆ ಮೇ ತಿಂಗಳಲ್ಲಿ ಕಂಡ ಹತ್ಯಾಕಾಂಡವನ್ನು ಬಲ್ಲವರಿಗೆ ಆ ಬಿಡುಗಡೆ ಎಷ್ಟು ದೊಡ್ಡದೆಂದು ಗೊತ್ತು. ಆದರೆ ಅದರ ಬೆನ್ನಿಗೇ ಹಳ್ಳಿಗಳಲ್ಲಿ ಸೇಡು ಶುರುವಾಯಿತು. ರಜಾಕಾರರನ್ನು ಕಂಡೇ ಇರದ ಬಡ ಮುಸ್ಲಿಮರ ಮನೆಗಳೂ ಉರಿದವು.

ಸುದ್ದಿ ದೆಹಲಿಗೆ ಮುಟ್ಟಿದಾಗ ನೆಹರೂ ಸರ್ಕಾರ ಒಂದು ಸೌಹಾರ್ದ ತಂಡವನ್ನು ಕಳಿಸಿತು. ಮುಂದಾಳು ಪಂಡಿತ್ ಸುಂದರಲಾಲ್. ಗಾಂಧೀಜಿಯ ಸಂಗಾತಿ, ಗೀತೆ ಮತ್ತು ಕುರ್‌ಆನ್ ಎರಡರ ಮೇಲೂ ಬರೆದವರು. ಜೊತೆಗೆ ಕಾಜಿ ಅಬ್ದುಲ್ ಗಫಾರ್ ಮತ್ತು ಮೌಲಾನಾ ಅಬ್ದುಲ್ಲಾ ಮಿಸ್ರಿ. ಕಾಜಿ ಸಾಹೇಬರು ಮುರಾದಾಬಾದಿನವರಾದರೂ ಹೈದರಾಬಾದ್ ಅವರಿಗೆ ಹೊಸದಲ್ಲ. ಇಲ್ಲಿಯೇ ‘ಪಯಾಮ್’ ಪತ್ರಿಕೆ ನಡೆಸಿ ಹೆಸರಾದವರು. ನವೆಂಬರ್ 29ರಿಂದ ಡಿಸೆಂಬರ್ 21ರವರೆಗೆ ತಂಡ ಸಂಸ್ಥಾನದ 16 ಜಿಲ್ಲೆಗಳಲ್ಲಿ ಒಂಬತ್ತನ್ನು ಸುತ್ತಿತು. 21 ಪಟ್ಟಣ, 23 ದೊಡ್ಡ ಹಳ್ಳಿ ನೋಡಿತು. ಹೋಗಲಾಗದ 109 ಹಳ್ಳಿಗಳ 500ಕ್ಕೂ ಹೆಚ್ಚು ಜನರನ್ನು ಮಾತಾಡಿಸಿತು. 31 ಬಹಿರಂಗ ಸಭೆಗಳಲ್ಲಿ ಜಗಳ ಸಾಕು, ಕೂಡಿ ಬಾಳೋಣ ಎಂದು ಹೇಳಿತು. ತನಿಖೆ ತಂಡದ ಕೆಲಸವಾಗಿರಲಿಲ್ಲ. ಕಂಡದ್ದನ್ನು ಬರೆಯದಿರುವುದು ಆಗದ ಮಾತಾಯಿತು.

ವರದಿ ಎರಡೂ ಕಡೆಯ ಮುಲಾಜು ಇಟ್ಟುಕೊಂಡಿಲ್ಲ. ರಜಾಕಾರರು ಊರೂರಿಗೆ ತಿಂಗಳ ವಂತಿಗೆ ಹಾಕಿದ್ದು, ಕೊಡದ ಕಡೆ ದೋಚಿದ್ದು ಅದರಲ್ಲಿದೆ. ಸೇನೆ ಬಂದ ಮೇಲೆ ಸತ್ತವರು ತೀರಾ ಕಡಿಮೆ ಹಿಡಿದರೂ 27,000ದಿಂದ 40,000 ಎಂಬ ಲೆಕ್ಕವೂ ಇದೆ. ಅದರಲ್ಲಿ ಉಸ್ಮಾನಾಬಾದ್, ಗುಲಬರ್ಗಾ, ಬೀದರ, ನಾಂದೇಡ್ ಈ ನಾಲ್ಕೇ ಜಿಲ್ಲೆಗಳ ಪಾಲು 18,000ದಷ್ಟು. ಇವುಗಳಲ್ಲಿ ಗುಲಬರ್ಗಾ (ಈಗಿನ ಕಲಬುರಗಿ), ಬೀದರ ಎರಡೂ ನಮ್ಮ ಜಿಲ್ಲೆಗಳು. ಕೆಲವೆಡೆ ಸೈನಿಕರೂ ಪೊಲೀಸರೂ ಲೂಟಿಗೆ ಕೈ ಜೋಡಿಸಿದರು ಎಂಬುದನ್ನು, ತಮ್ಮನ್ನು ಕಳಿಸಿದ ಸರ್ಕಾರಕ್ಕೇ ಬರೆದು ಕೊಟ್ಟರು.

ಅದೇ ವರದಿಯಲ್ಲಿ ಇನ್ನೊಂದು ಮಾತೂ ಇದೆ. ಮುಸ್ಲಿಂ ನೆರೆಯವರನ್ನು ಕಾಪಾಡಿದ ಹಿಂದೂಗಳ ಮಾತು. ಅದರಲ್ಲೂ ನೇಕಾರರು. ಕೆಲವು ಊರುಗಳಲ್ಲಿ ಹಿಂದೂ ನೇಕಾರರು ಮುಸ್ಲಿಂ ನೇಕಾರರಿಗೆ ಅಡ್ಡ ನಿಂತರು. ಅಡ್ಡ ನಿಂತದ್ದು ತಮ್ಮದೇ ಜನರ ಎದುರು. ಕೆಲವರು ಜೀವವನ್ನೂ ಕೊಟ್ಟರು. ಅಪಹರಣವಾದ ಹೆಣ್ಣುಮಕ್ಕಳನ್ನು ಹುಡುಕಿ ತರಲು ಅನೇಕ ಹಿಂದೂಗಳು ನೆರವಾದರು. ಶೋಯಬುಲ್ಲಾ ಖಾನ್ ಉರ್ದುವಿನಲ್ಲಿ ಬರೆದು ಮಾಡಿದ್ದನ್ನೇ ಈ ಜನ ಓಣಿಯ ಬಾಯಲ್ಲಿ ನಿಂತು ಮಾಡಿದರು ಎಂದು ನಾನು ನಂಬಿದ್ದೇನೆ.

ಸರ್ಕಾರ ವರದಿಯನ್ನು ಪ್ರಕಟಿಸಲಿಲ್ಲ. ಭಾಗಗಳು ಆಗೀಗ ಹೊರಬಂದವು. ಪೂರ್ತಿಯಾಗಿ ಜನರ ಕೈಗೆ ಸಿಗಲು ಆರು ದಶಕಕ್ಕೂ ಹೆಚ್ಚು ಕಾಲ ಹಿಡಿಯಿತು. ಕಾಜಿ ಸಾಹೇಬರು ಅಂಜುಮನ್ ತರಕ್ಕಿ ಉರ್ದು ಸಂಸ್ಥೆಯ ಹೊಣೆ ಹೊತ್ತು ಉತ್ತರಕ್ಕೆ ಹೋದರು, 1956ರಲ್ಲಿ ತೀರಿಕೊಂಡರು.

ಸಂಸ್ಥಾನ ಭಾರತಕ್ಕೆ ಸೇರಿದ ನೆನಪಿಗೆ ಪ್ರತಿ ಸೆಪ್ಟೆಂಬರ್ 17ಕ್ಕೆ ಕಲಬುರಗಿಯಲ್ಲೂ ಬೀದರದಲ್ಲೂ ಬಾವುಟ ಹಾರಿಸುತ್ತೇವೆ. ವಿಮೋಚನಾ ಹೋರಾಟದ ಮುಂದಾಳು ಸ್ವಾಮಿ ರಮಾನಂದ ತೀರ್ಥರ ಹೆಸರಿನ ಜೊತೆಗೆ ಆ ದಿನ ಶಾಲೆಯ ಮಕ್ಕಳಿಗೆ ಶೋಯಬುಲ್ಲಾ ಖಾನರ ಹೆಸರನ್ನೂ ಹೇಳಬೇಕು. ವರದಿಯಲ್ಲಿ ಹೆಸರಿಲ್ಲದೆ ಉಳಿದ ಆ ನೇಕಾರರು ಯಾವ ಊರಿನವರು, ಯಾರ ಮನೆಯವರು ಎಂದು ಹುಡುಕಬೇಕು. 1948ರಲ್ಲಿ ಹತ್ತು ವರ್ಷದವರಾಗಿದ್ದವರು ಈಗ 85 ದಾಟಿದ್ದಾರೆ. ಚಿಂಚೋಳಿ, ಆಳಂದ, ಬಸವಕಲ್ಯಾಣ, ಹುಮನಾಬಾದ್ ಕಡೆಯ ಮನೆಗಳಲ್ಲಿ ಅಂಥ ಹಿರಿಯರಿದ್ದರೆ, ಆ ಸೆಪ್ಟೆಂಬರಿನಲ್ಲಿ ನಿಮ್ಮ ಊರಲ್ಲಿ ಯಾರು ಯಾರನ್ನು ಬಚ್ಚಿಟ್ಟರು ಎಂದು ಈ ವಾರವೇ ಕೇಳಿ ಬರೆದಿಡಿ.