ಪಂಚಾಂಗಕ್ಕೆ ಬೇಡವಾದ ಸೂರ್ಯನ ತೂಕ

ಕರ್ನಾಟಕದ ಎಷ್ಟೋ ಮನೆಗಳಿಗೆ ಒಂಟಿಕೊಪ್ಪಲ್ ಎಂದರೆ ಮೈಸೂರಿನ ಬಡಾವಣೆಗಿಂತ ಮೊದಲು ನೆನಪಾಗುವುದು ಮೊಳೆಗೆ ತೂಗುಹಾಕಿದ ಪಂಚಾಂಗ. ಸೂರ್ಯ ಯಾವ ದಿನ ಯಾವ ರಾಶಿಗೆ ಕಾಲಿಡುತ್ತಾನೆ, ಯಾವ ಮಳೆ ಎಂದು ಹುಟ್ಟುತ್ತದೆ, ಗ್ರಹಣ ಹಿಡಿಯುವುದು ಎಷ್ಟಕ್ಕೆ, ಬಿಡುವುದು ಎಷ್ಟಕ್ಕೆ, ಎಲ್ಲಕ್ಕೂ ಜನ ಅದನ್ನೇ ತಿರುವುತ್ತಾರೆ. ಅವನೆಷ್ಟು ದೊಡ್ಡವನು, ಎಷ್ಟು ಭಾರ ಎಂಬುದು ಮಾತ್ರ ಈ ಯಾವ ಲೆಕ್ಕಕ್ಕೂ ಬೇಡ.

ಬೇಡ ಏಕೆಂದರೆ ಪಂಚಾಂಗ ಅಳೆಯುವುದೆಲ್ಲ ಕೋನಗಳನ್ನು. ಚಂದ್ರ ಸೂರ್ಯನಿಂದ ಹನ್ನೆರಡು ಡಿಗ್ರಿ ಮುಂದೆ ಸರಿದರೆ ಒಂದು ತಿಥಿ. ಆಕಾಶವನ್ನು ಇಪ್ಪತ್ತೇಳು ಪಾಲು ಮಾಡಿ, ಚಂದ್ರ ಯಾವ ಪಾಲಿನಲ್ಲಿದ್ದಾನೆ ಎಂದು ನೋಡಿದರೆ ಅಂದಿನ ನಕ್ಷತ್ರ. ಗ್ರಹಣಕ್ಕೆ ಬಿಂಬದ ಅಗಲ ಗೊತ್ತಿರಬೇಕು, ನಿಜ. ಆದರೆ ಅದೂ ಕಣ್ಣಿಗೆ ಕಾಣುವ ಅಗಲ, ಸುಮಾರು ಅರ್ಧ ಡಿಗ್ರಿ. ಸೂರ್ಯ ಹತ್ತಿರದಲ್ಲಿರುವ ಸಣ್ಣ ಗೋಳವೋ ದೂರದಲ್ಲಿರುವ ಭಾರಿ ಗೋಳವೋ, ಅರ್ಧ ಡಿಗ್ರಿ ಅರ್ಧ ಡಿಗ್ರಿಯೇ.

ನಮ್ಮ ಹಳಬರು ಗಾತ್ರ ಹೇಳಲೇ ಇಲ್ಲ ಎಂದಲ್ಲ. ಸೂರ್ಯಸಿದ್ಧಾಂತದಲ್ಲಿ ಭೂಮಿಯ ವ್ಯಾಸ 1600 ಯೋಜನ, ಚಂದ್ರನದು 480, ಸೂರ್ಯನದು 6500. ಚಂದ್ರ ಭೂಮಿಯ ಹತ್ತರಲ್ಲಿ ಮೂರು ಪಾಲು ಎಂದಾಯಿತು. ಇಂದಿನ ಅಳತೆ 0.27, ಹೆಚ್ಚುಕಡಿಮೆ ಸರಿಯೇ. ಸೂರ್ಯ ಮಾತ್ರ ಭೂಮಿಯ ನಾಲ್ಕು ಪಟ್ಟಿಗೆ ನಿಂತುಬಿಟ್ಟ. ನಿಜದಲ್ಲಿ 109 ಪಟ್ಟು. ತಪ್ಪಿದ್ದು ದೂರದಲ್ಲಿ. ಗ್ರಹಗಳೆಲ್ಲ ದಿನಕ್ಕೆ ಒಂದೇ ಸಮನಾದ ಯೋಜನಗಳಷ್ಟು ಸಾಗುತ್ತವೆ ಎಂದು ಸಿದ್ಧಾಂತಕಾರರು ಇಟ್ಟುಕೊಂಡಿದ್ದರು. ವರ್ಷವೊಂದರಲ್ಲಿ ಚಂದ್ರ ನಕ್ಷತ್ರಗಳ ನಡುವೆ 13.37 ಸುತ್ತು ಬರುತ್ತಾನೆ. ಹಾಗಾದರೆ ಸೂರ್ಯ ಚಂದ್ರನಿಗಿಂತ 13.37 ಪಟ್ಟು ದೂರ ಎಂಬುದು ಅವರ ತರ್ಕ. ಸರಿಯಾದ ಸಂಖ್ಯೆ 389. ಇಷ್ಟು ದೊಡ್ಡ ತಪ್ಪಿದ್ದರೂ ಗ್ರಹಣಗಳು ಬಹುಮಟ್ಟಿಗೆ ಹೇಳಿದ ಹೊತ್ತಿಗೇ ಹಿಡಿಯುತ್ತಿದ್ದವು. ಹಾಗಿರುವಾಗ ದೂರವನ್ನು ಮತ್ತೆ ಅಳೆಯಬೇಕೆಂದು ಯಾರಿಗೆ ಅನಿಸೀತು?

ಅದನ್ನು ಅಳೆಯಲು ಜಗತ್ತು ಶುಕ್ರನಿಗಾಗಿ ಕಾಯಬೇಕಾಯಿತು. ಶುಕ್ರ ಸೂರ್ಯಬಿಂಬದ ಮೇಲೆ ಕಪ್ಪು ಚುಕ್ಕೆಯಾಗಿ ಹಾದುಹೋಗುವುದು ಅಪರೂಪ. ಭೂಮಿಯ ಮೇಲೆ ದೂರದೂರ ಇರುವ ಇಬ್ಬರಿಗೆ ಆ ಚುಕ್ಕೆಯ ದಾರಿ ತುಸು ಬೇರೆಯಾಗಿ ಕಾಣುತ್ತದೆ, ದಾಟುವ ಅವಧಿಯೂ ಬೇರೆಯಾಗುತ್ತದೆ. ಆ ವ್ಯತ್ಯಾಸದಿಂದ ಸೂರ್ಯನ ದೂರ ಸಿಗುತ್ತದೆ. 1761, 1769ರ ಸಂಕ್ರಮಣಗಳಿಗೆ ಯುರೋಪಿನವರು ಹಡಗು ಹತ್ತಿ ಭೂಮಿಯ ಮೂಲೆಮೂಲೆಗೆ ಹೋದರು. 1874ರ ಡಿಸೆಂಬರ್ 9ರಂದು ನಡೆದದ್ದು ಭಾರತದಲ್ಲೇ ಕಾಣುವಂಥದ್ದು. ಅದಕ್ಕೆ ಜನರನ್ನು ಸಿದ್ಧಗೊಳಿಸಲು ಮದರಾಸು ವೀಕ್ಷಣಾಲಯದ ಚಿಂತಾಮಣಿ ರಘುನಾಥಾಚಾರ್ಯರು ಒಂದು ಪುಸ್ತಿಕೆ ಬರೆದರು. ಅದು ಕನ್ನಡದಲ್ಲೂ ಬಂತು. ಆಚಾರ್ಯರು ಸ್ವತಃ ದೃಗ್ಗಣಿತ ಪಂಚಾಂಗ ಹೊರಡಿಸುತ್ತಿದ್ದವರು. ದೂರದರ್ಶಕದಲ್ಲಿ ಕಂಡದ್ದಕ್ಕೂ ಪಂಚಾಂಗದಲ್ಲಿ ಬರೆದದ್ದಕ್ಕೂ ತಾಳೆಯಾಗಲೇಬೇಕು ಎಂಬ ಹಟದವರು. ಪಂಚಾಂಗಕ್ಕೆ ಬೇಡವಾದ ದೂರದ ಬಗ್ಗೆ ಕನ್ನಡಿಗರಿಗೆ ತಿಳಿಹೇಳಲು ಹೊರಟದ್ದು ಒಬ್ಬ ಪಂಚಾಂಗಕರ್ತ ಎಂಬುದು ನನಗೆ ಬಹಳ ಹಿಡಿಸಿದ ಸಂಗತಿ.

ಈಗ ಆ ದೂರ 14.96 ಕೋಟಿ ಕಿಲೋಮೀಟರ್ ಎಂದು ಗೊತ್ತಿದೆ. ಅಷ್ಟು ದೂರದಲ್ಲಿ ಅರ್ಧ ಡಿಗ್ರಿ ಕಾಣಬೇಕಾದರೆ ವ್ಯಾಸ 13.9 ಲಕ್ಷ ಕಿಲೋಮೀಟರ್ ಇರಬೇಕು. ಗಾತ್ರ ಸಿಕ್ಕಿತು.

ತೂಕ ಸಿಗುವ ಬಗೆ ಇನ್ನೂ ಸೊಗಸು. ಒಂದು ಕಾಯ ಇನ್ನೊಂದನ್ನು ಸುತ್ತುವ ದೂರದ ಘನವನ್ನು ಅವಧಿಯ ವರ್ಗದಿಂದ ಭಾಗಿಸಿದರೆ, ನಡುವಿನ ಕಾಯ ಎಷ್ಟು ಭಾರ ಎಂಬುದರ ಸುಳಿವು ಬರುತ್ತದೆ. ಚಂದ್ರ ಭೂಮಿಯನ್ನು ಸುತ್ತುವುದನ್ನೂ ಭೂಮಿ ಸೂರ್ಯನನ್ನು ಸುತ್ತುವುದನ್ನೂ ಪಕ್ಕಪಕ್ಕ ಇಟ್ಟು ನೋಡಿ. ದೂರದ ಅನುಪಾತ 389, ಅವಧಿಯ ಅನುಪಾತ ಅದೇ ಹಳೆಯ 13.37. 389ರ ಘನವನ್ನು 13.37ರ ವರ್ಗದಿಂದ ಭಾಗಿಸಿದರೆ ಸುಮಾರು 3.3 ಲಕ್ಷ. ಸೂರ್ಯ ಅಷ್ಟು ಭೂಮಿಗಳ ಭಾರ! ಸೂರ್ಯಸಿದ್ಧಾಂತದ ದೂರವನ್ನೇ ಹಾಕಿದರೆ ಬರುವ ಉತ್ತರ ಬರೀ ಹದಿಮೂರು. ನಮ್ಮವರನ್ನಷ್ಟೇ ಹೇಳುವುದು ಬೇಡ. ನ್ಯೂಟನ್ನನ ಪ್ರಿನ್ಸಿಪಿಯಾದ 1726ರ ಆವೃತ್ತಿಯಲ್ಲಿ ಈ ಸಂಖ್ಯೆ 1,69,282, ಅಂದರೆ ನಿಜದ ಅರ್ಧ. ಅವನಿಗೂ ದೂರವೇ ಕೈಕೊಟ್ಟಿತ್ತು.

ಗಾತ್ರದಲ್ಲಿ ಸೂರ್ಯ ಹದಿಮೂರು ಲಕ್ಷ ಭೂಮಿಗಳಿಗೆ ಸಮ, ಭಾರದಲ್ಲಿ 3.3 ಲಕ್ಷಕ್ಕೆ ಮಾತ್ರ. ಅಂದರೆ ಸರಾಸರಿ ಸಾಂದ್ರತೆ ನೀರಿನ 1.4 ಪಟ್ಟು, ಭೂಮಿಯದರ ಕಾಲು ಪಾಲು. ಹಾಗಿದ್ದೂ ಸೌರಮಂಡಲದ ಒಟ್ಟು ದ್ರವ್ಯದಲ್ಲಿ ಶೇಕಡಾ 99.8ಕ್ಕಿಂತ ಹೆಚ್ಚು ಅವನೊಬ್ಬನದೇ. ಉಳಿದ ಚೂರಿನಲ್ಲಿ ಬಹುಪಾಲು ಗುರುವಿನದು. ಬೆಳಕು ಚೆಲ್ಲುತ್ತಾ ಸೂರ್ಯ ಸೆಕೆಂಡಿಗೆ ಸುಮಾರು 42 ಲಕ್ಷ ಟನ್ ಕರಗುತ್ತಾನೆ. ಅವನ ಲೆಕ್ಕದಲ್ಲಿ ಅದು ಗಮನಕ್ಕೇ ಬಾರದ ಖರ್ಚು.

ಹತ್ತು ಲಕ್ಷ ಕಿಲೋಮೀಟರನ್ನು ಒಂದು ಮೀಟರಿಗೆ ಕುಗ್ಗಿಸಿ, ಒಂಟಿಕೊಪ್ಪಲಿನ ಲಕ್ಷ್ಮೀವೆಂಕಟರಮಣಸ್ವಾಮಿ ದೇವಸ್ಥಾನದ ಮುಂದೆ ಸೂರ್ಯನನ್ನು ಇಡೋಣ. ಎದೆಮಟ್ಟದ, 1.4 ಮೀಟರ್ ಅಗಲದ ಗುಂಡು. 150 ಮೀಟರ್ ಆಚೆ ಬೀದಿಯಲ್ಲಿ ಒಂದು ಸಣ್ಣ ಗೋಲಿ, ಅದು ಭೂಮಿ. ನೆಪ್ಚೂನ್ ನಾಲ್ಕೂವರೆ ಕಿಲೋಮೀಟರ್ ಆಚೆ. ಅರಮನೆ ದಾಟಿದರೂ ಚಾಮುಂಡಿ ಬೆಟ್ಟದ ತುದಿ ಮುಟ್ಟದು. ಮುಂದಿನ ನಕ್ಷತ್ರ ಪ್ರಾಕ್ಸಿಮಾ ಸೆಂಟಾರಿ 40,000 ಕಿಲೋಮೀಟರ್ ದೂರದಲ್ಲಿ. ದೇವಸ್ಥಾನದಿಂದ ಹೊರಟು ಭೂಮಂಡಲವನ್ನೇ ಒಂದು ಸುತ್ತು ಹಾಕಿ ವಾಪಸು ಒಂಟಿಕೊಪ್ಪಲಿಗೆ ಬಂದರೆ ಅಷ್ಟಾಗುತ್ತದೆ. ಅಷ್ಟು ದೂರ ನಡೆದರೂ ಸಿಗುವುದು 21 ಸೆಂಟಿಮೀಟರಿನ ಚಿಕ್ಕ ಗುಂಡು. ಸೂರ್ಯ ಸಾಧಾರಣ ನಕ್ಷತ್ರ ಎಂದು ಪಾಠ ಹೇಳುವುದು ರೂಢಿ. ನನಗದು ಒಪ್ಪಿಗೆಯಿಲ್ಲ. ನಾಲ್ಕರಲ್ಲಿ ಮೂರು ನಕ್ಷತ್ರಗಳು ಪ್ರಾಕ್ಸಿಮಾದಂಥ ಕೆಂಪು ಕುಬ್ಜಗಳೇ. ಆ ಗುಂಪಿನಲ್ಲಿ ಸೂರ್ಯ ದೊಡ್ಡ ಕುಳ.

ಆದರೆ ಪಂಚಾಂಗದಲ್ಲಿ ಹೆಸರು ಪಡೆದ ನಕ್ಷತ್ರಗಳ ಮುಂದೆ ನಿಲ್ಲಿಸಿದರೆ ಅವನು ಕುಗ್ಗುತ್ತಾನೆ. ಜೂನ್ 22ರ ಸುಮಾರಿಗೆ ಆರಿದ್ರಾ ಮಳೆ ಹುಟ್ಟುತ್ತದೆ, ಅಂದರೆ ಸೂರ್ಯ ಆರ್ದ್ರೆಯನ್ನು ಪ್ರವೇಶಿಸುತ್ತಾನೆ. ಆರ್ದ್ರಾ ಎಂದು ಗುರುತಿಸುವ ಕೆಂಪು ತಾರೆ ಸೂರ್ಯನ 700–800 ಪಟ್ಟು ಅಗಲ. ಅದರ ಅಂಚೇ ಮಸುಕಾದ್ದರಿಂದ ಅಳತೆ ಒಬ್ಬೊಬ್ಬರದು ಒಂದೊಂದು. ನಮ್ಮ ಬೀದಿಯ ಅಳತೆಯಲ್ಲಿ ಅದೊಂದೇ ಒಂದು ಕಿಲೋಮೀಟರ್ ಅಗಲವಾಗಿ ಕೂತು, ಸೂರ್ಯನನ್ನೂ ಭೂಮಿಯನ್ನೂ ಒಳಕ್ಕೆ ಹಾಕಿಕೊಳ್ಳುತ್ತದೆ. ಮೂವತ್ತು ಕೋಟಿ ಸೂರ್ಯರಿಗೆ ಅದರೊಳಗೆ ಜಾಗವಿದೆ. ತೂಕ? ಬರೀ ಹದಿನೈದು–ಇಪ್ಪತ್ತು ಸೂರ್ಯರದು. ಸರಾಸರಿ ಹಿಡಿದರೆ ನಾವು ಉಸಿರಾಡುವ ಗಾಳಿಯ ಹತ್ತು ಸಾವಿರದಲ್ಲೊಂದು ಪಾಲಿನಷ್ಟೂ ದಟ್ಟವಲ್ಲ. ರೋಹಿಣಿ ಸೂರ್ಯನ 45 ಪಟ್ಟು ಅಗಲ, ಸ್ವಾತಿ 25 ಪಟ್ಟು. ಎರಡೂ ಸೂರ್ಯನಿಗಿಂತ ಕೊಂಚವೇ ಭಾರ. ಇನ್ನು 500 ಕೋಟಿ ವರ್ಷ ಕಳೆದರೆ ಸೂರ್ಯನೂ ಹೀಗೆಯೇ ಉಬ್ಬುತ್ತಾನೆ. ಅದಕ್ಕೆ ತದ್ವಿರುದ್ಧ ಲುಬ್ಧಕದ ಜೊತೆಗಾರ ತಾರೆ: ಸೂರ್ಯನಷ್ಟು ಭಾರವೆಲ್ಲ ಭೂಮಿಯಷ್ಟು ಗಾತ್ರದಲ್ಲಿ ಅಡಕ.

ಡಿಸೆಂಬರ್ 16ರ ಸುಮಾರಿಗೆ ಧನುರ್ಮಾಸ. ನಸುಕಿನ ಪೂಜೆಗೆ ಒಂಟಿಕೊಪ್ಪಲಿನ ದೇವಸ್ಥಾನಕ್ಕೆ ಜನ ಬರುವ ದಿನಗಳು. ಆಗ ಸೂರ್ಯ ಮೂಲಾ ನಕ್ಷತ್ರದ ಪಾಲಿನಲ್ಲಿರುತ್ತಾನೆ, ಅದೇ ಪಾಲಿನಲ್ಲಿ ಅವನ ಬೆನ್ನ ಹಿಂದೆ, ಸುಮಾರು 27,000 ಜ್ಯೋತಿರ್ವರ್ಷ ಆಚೆ, ನಮ್ಮ ಆಕಾಶಗಂಗೆಯ ನಟ್ಟನಡು. ಅಲ್ಲಿರುವ ಕಪ್ಪುರಂಧ್ರವನ್ನು ತೂಗಿದ್ದೂ ಹಿಂದಿನ ಲೆಕ್ಕದಿಂದಲೇ. ಅದರ ಹತ್ತಿರದ ತಾರೆಯೊಂದು, ನಾವು ಸೂರ್ಯನಿಂದ ಇರುವ ದೂರದ ಸುಮಾರು ಸಾವಿರ ಪಟ್ಟು ದೂರದಲ್ಲಿ, 16 ವರ್ಷಕ್ಕೊಂದು ಸುತ್ತು ಬರುತ್ತದೆ. ಸಾವಿರದ ಘನವನ್ನು ಹದಿನಾರರ ವರ್ಗದಿಂದ ಭಾಗಿಸಿ: ಸುಮಾರು 40 ಲಕ್ಷ ಸೂರ್ಯರ ಭಾರ. ಅಗಲ ಹದಿನೆಂಟು ಸೂರ್ಯರಷ್ಟು. ಸೂರ್ಯ ಆಕಾಶಗಂಗೆಯ ಆ ನಡುವನ್ನು ಒಮ್ಮೆ ಸುತ್ತಲು ಸುಮಾರು 23 ಕೋಟಿ ವರ್ಷ ಹಿಡಿಯುತ್ತದೆ. ಹುಟ್ಟಿದಾಗಿನಿಂದ ಇಪ್ಪತ್ತು ಸುತ್ತು ಬಂದಿದ್ದಾನೆ.