ಕಾಡಿನಿಂದ ಬಂದ ದನಿ: ಗೋವೆಯ ಹಳೆಯ ಪ್ರಸಾರಗಳ ಶೋಧ ಮತ್ತು ಸಂರಕ್ಷಣೆ

1955ರ ನವೆಂಬರ್ 25ರಂದು ಪಶ್ಚಿಮಘಟ್ಟದ ಅಂಬೋಲಿ ಪರಿಸರದ ಕಾಡಿನಿಂದ ಗುಪ್ತ ಬಾನುಲಿಯೊಂದು ಮಾತನಾಡತೊಡಗಿತು. ಪೋರ್ಚುಗೀಸರ ಆಳ್ವಿಕೆಯಲ್ಲಿದ್ದ ಗೋವೆಯ ಜನರನ್ನು ಉದ್ದೇಶಿಸಿ ಕೊಂಕಣಿ ಹಾಗೂ ಪೋರ್ಚುಗೀಸ್ ಭಾಷೆಗಳಲ್ಲಿ ಬಿತ್ತರಗೊಳ್ಳುತ್ತಿದ್ದ ಆ ಪ್ರಸಾರದ ಹೆಸರಿಗೆ ‘ಸ್ವಾತಂತ್ರ್ಯದ ದನಿ’ ಎಂದೇ ಅರ್ಥ. ವಾಮನ ಸರ್ದೇಸಾಯಿ ಮತ್ತು ಲಿಬಿಯಾ ಲೋಬೊ ಅದರ ಜೀವಾಳ. ಮುಂದೆ ನಿಲಯವು ಉತ್ತರ ಕನ್ನಡದ ಕ್ಯಾಸಲ್‌ರಾಕ್‌ಗೆ ಸ್ಥಳಾಂತರಗೊಂಡಿತು. ಆಗ ಮುಂಬಯಿ ರಾಜ್ಯದಲ್ಲಿದ್ದ ಉತ್ತರ ಕನ್ನಡ 1956ರ ನವೆಂಬರ್ 1ರಂದು ಮೈಸೂರು ರಾಜ್ಯಕ್ಕೆ ಸೇರಿತು. ಗೋವೆಯ ವಿಮೋಚನೆಯ ಒಂದು ಅಧ್ಯಾಯ ಕನ್ನಡನಾಡಿನ ಗಡಿಯೊಳಗೇ ನಡೆಯಿತೆಂಬುದನ್ನು ಕನ್ನಡದ ವಿದ್ಯಾರ್ಥಿ ಮರೆಯಬಾರದು.

ಆರು ವರ್ಷ ಆ ದನಿ ನಿಲ್ಲಲಿಲ್ಲ. 1961ರ ಡಿಸೆಂಬರಿನಲ್ಲಿ ಪೋರ್ಚುಗೀಸರು ಶರಣಾದ ಸುದ್ದಿಯನ್ನು ಅವರಿಬ್ಬರೂ ವಿಮಾನದಲ್ಲಿ ಹಾರಾಡುತ್ತ, ಧ್ವನಿವರ್ಧಕದ ಮೂಲಕ ಗೋವೆಗೆ ಸಾರಿದರು. 1964ರಲ್ಲಿ ಅವರು ವಿವಾಹವಾದರು. ಶತಾಯುಷಿ ಲಿಬಿಯಾ ಲೋಬೊ ಸರ್ದೇಸಾಯಿ ಅವರಿಗೆ 2025ರಲ್ಲಿ ಪದ್ಮಶ್ರೀ ಘೋಷಣೆಯಾಯಿತು.

ಆ ಆರು ವರ್ಷಗಳ ಮಾತನ್ನು ಇಂದು ಹುಡುಕುವವನು ಎಲ್ಲಿ ಹುಡುಕಬೇಕು? ಮುದ್ರಣಗೊಳ್ಳದ ಬಾನುಲಿಯ ಮಾತು ಆಡಿದ ಕ್ಷಣದಲ್ಲೇ ಗಾಳಿಯಲ್ಲಿ ಕರಗುತ್ತದೆ. ಕಾಡಿನ ನಿಲಯಕ್ಕೆ ದಾಖಲೆಕೋಣೆಯ ಸೌಕರ್ಯವನ್ನು ನಿರೀಕ್ಷಿಸುವಂತಿಲ್ಲ. ಆದ್ದರಿಂದ ಶೋಧಕನು ಸುತ್ತುದಾರಿ ಹಿಡಿಯಬೇಕು. ಓದಲೆಂದು ಬರೆದ ಹಸ್ತಪ್ರತಿ ಒಂದು ದಾರಿ. ಶತ್ರುವಿನ ಕಿವಿ ಇನ್ನೊಂದು. ಸರ್ಕಾರಗಳು ತಮ್ಮ ವಿರೋಧಿಗಳ ಪ್ರಸಾರವನ್ನು ಆಲಿಸಿ ಬರೆದಿಡುತ್ತವೆ. ಬಿಬಿಸಿ 1939ರಿಂದಲೇ ಪರರಾಷ್ಟ್ರಗಳ ಬಾನುಲಿಯನ್ನು ಕೇಳಿ ವರದಿ ಮಾಡಲು ಪ್ರತ್ಯೇಕ ವಿಭಾಗವನ್ನೇ ನಡೆಸಿತು. ಅಡಗಿಸಲು ಬಯಸಿದವರ ಕಡತದಲ್ಲೇ ಮಾತು ಉಳಿಯುವ ಸಾಧ್ಯತೆಯಿರುವುದು ಒಂದು ವಿಚಿತ್ರ.

ಗ್ರಂಥಸಂಪಾದನೆಯನ್ನು ಅಭ್ಯಸಿಸಿದವರಿಗೆ ಇದು ಪರಿಚಿತ ಸಮಸ್ಯೆ. ಮೂಲಪ್ರತಿ ದೊರೆಯದಾಗ ಉದ್ಧೃತಿಗಳಿಂದ, ಟೀಕುಗಳಿಂದ ಪಾಠವನ್ನು ಕಟ್ಟುವಂತೆ ಇಲ್ಲಿಯೂ ಸಾಕ್ಷ್ಯಗಳ ತಾರತಮ್ಯ ಅಗತ್ಯ. ಪ್ರಸಾರಕರು ಹಲವು ದಶಕಗಳ ಅನಂತರ ಸಂದರ್ಶನದಲ್ಲಿ ನೆನೆದು ಹೇಳಿದ ಮಾತು ಅಮೂಲ್ಯವಾದುದೇ. ಆದರೆ ಅದು ಪ್ರಸಾರದ ಪಾಠವಲ್ಲ, ಪ್ರಸಾರದ ಸ್ಮೃತಿ. ಎರಡನ್ನೂ ಒಂದೇ ಶೀರ್ಷಿಕೆಯಡಿ ಇರಿಸಿದರೆ ಮುಂದಿನ ಸಂಶೋಧಕ ದಾರಿ ತಪ್ಪುತ್ತಾನೆ.

ಟೇಪು ದೊರೆತರೂ ಕಷ್ಟ ತೀರುವುದಿಲ್ಲ. ಟೇಪು ದುಬಾರಿಯಾಗಿದ್ದ ಕಾಲದಲ್ಲಿ ಹಳೆಯದನ್ನು ಅಳಿಸಿ ಅದರ ಮೇಲೆಯೇ ಹೊಸದನ್ನು ಮುದ್ರಿಸುವುದು ಲೋಕದ ಅನೇಕ ಬಾನುಲಿಗಳ ರೂಢಿಯಾಗಿತ್ತು. ಅಳಿಯದೆ ಉಳಿದವನ್ನು ತೇವ ತಿನ್ನುತ್ತದೆ. ಅಸಿಟೇಟ್ ಪಟ್ಟಿ ಕೊಳೆಯುವಾಗ ಹುಳಿಯಾದ ವಿನೆಗರ್ ವಾಸನೆ ಹೊಮ್ಮುತ್ತದೆ, ಪಟ್ಟಿ ಕುಗ್ಗಿ ಸೆಟೆದುಕೊಳ್ಳುತ್ತದೆ. ಮುಂದಿನ ದಶಕಗಳ ಕೆಲವು ಪಾಲಿಯೆಸ್ಟರ್ ಟೇಪುಗಳಲ್ಲಿ ಅಂಟು ತೇವ ಹೀರಿ ಜಿಗುಟಾಗುತ್ತದೆ. ಅಂಥದನ್ನು ಪರೀಕ್ಷಿಸದೆ ಯಂತ್ರಕ್ಕೆ ಹಾಕಿದರೆ ದನಿಯನ್ನು ಹೊತ್ತ ಲೇಪವೇ ಕಿತ್ತುಬರುತ್ತದೆ. ಕುತೂಹಲದಿಂದ ಒಮ್ಮೆ ಕೇಳಿಬಿಡುವ ಆತುರವೇ ಕೊನೆಯ ಪ್ರತಿಯನ್ನು ಕೊಂದೀತು! ಆದುದರಿಂದ ನುರಿತವರು ಮೊದಲ ಸಲ ನುಡಿಸುವಾಗಲೇ ಸಂಕೋಚನವಿಲ್ಲದ ಡಿಜಿಟಲ್ ಪ್ರತಿಯನ್ನು ತೆಗೆಯುತ್ತಾರೆ. 96 ಕಿಲೋಹರ್ಟ್ಸ್, 24 ಬಿಟ್ ಎಂಬುದು ಸಾಮಾನ್ಯವಾಗಿ ಒಪ್ಪಿತವಾದ ಅಳತೆ. ಗೊರಗೊರ ಸದ್ದನ್ನು ಮೂಲಪ್ರತಿಯಲ್ಲಿ ಶುದ್ಧಿಗೊಳಿಸುವುದಿಲ್ಲ. ಆ ಕೆಲಸ ಬೇರೊಂದು ನಕಲಿನಲ್ಲಿ. ಪ್ರಸಾರದ ದಿನಾಂಕ, ನಿಲಯ, ಮಾತನಾಡಿದವರ ಹೆಸರು, ಪ್ರತಿ ಯಾರಿಂದ ಬಂತು ಎಂಬ ವಿವರಗಳಿಲ್ಲದ ದನಿ ಕಾಲನಿರ್ಣಯವಾಗದ ಶಾಸನದಂತೆ.

ಲಿಪ್ಯಂತರದ ಪ್ರಶ್ನೆ ಇನ್ನೂ ಸೂಕ್ಷ್ಮವಾದುದು. ಗೋವೆಯಲ್ಲಿ ಕೊಂಕಣಿಯನ್ನು ದೇವನಾಗರಿಯಲ್ಲಿಯೂ ರೋಮನ್ ಲಿಪಿಯಲ್ಲಿಯೂ ಬರೆಯುತ್ತಾರೆ. ಕರ್ನಾಟಕದ ಕೊಂಕಣಿಗರಲ್ಲಿ ಕನ್ನಡ ಲಿಪಿಯ ಬಳಕೆಯುಂಟು. ಬಾನುಲಿಯ ದನಿಗೆ ಈ ಯಾವ ಲಿಪಿಯೂ ಇರಲಿಲ್ಲ. ಅದನ್ನು ಬರೆಹಕ್ಕೆ ಇಳಿಸುವವನು ಒಂದನ್ನು ಆರಿಸಿದೊಡನೆ ಒಂದು ಓದುಗವರ್ಗವನ್ನೂ ಆರಿಸಿಕೊಳ್ಳುತ್ತಾನೆ. ಆರಿಸಿದ ಲಿಪಿಯಾವುದು, ಏಕೆ ಎಂಬುದನ್ನು ಪ್ರತಿಯ ಮೊದಲ ಪುಟದಲ್ಲಿ ನಮೂದಿಸಿ, ಉಸಿರು, ತಡವರಿಕೆ, ವಿರಾಮಗಳನ್ನೂ ಗುರುತಿಸಿ, ಧ್ವನಿಕಡತವನ್ನು ಅದರೊಡನೆ ಇರಿಸಬೇಕು.